ಟೇಲರ್ ಮೀಡ್

ಟೇಲರ್ ಮೀಡ್ : 1924-2013. ಅಮೆರಿಕದ ನಟ, ಕವಿ. 1960ರ ದಶಕದ ಅಂಡರ್‌ಗ್ರೌಂಡ್ ಸಿನಿಮಾದ ಮೊದಲ ತಾರೆಯೆಂದು ಹೆಸರಾದವ. ರಾನ್ ರೈಸ್, ಹಿರಿಯ ರಾಬರ್ಟ್ ಡೌನಿ, ಆಂಡಿ ವಾರ್ಹಾಲ್, ಎರಿಕ್ ಮಿಚೆಲ್, ಜಿಮ್ ಜಾರ್ಮುಶ್ ಹೀಗೆ ಒಬ್ಬರಂತೆ ಇನ್ನೊಬ್ಬರಿಲ್ಲದ ನಿರ್ದೇಶಕರ ಚಿತ್ರಗಳಲ್ಲಿ ನಲವತ್ತು ವರ್ಷಕ್ಕೂ ಮಿಕ್ಕಿ ಕಾಣಿಸಿಕೊಂಡ. ಆ ಪೈಕಿ ಮುಖ್ಯವಾದ ಹಲವಕ್ಕೆ ಚಿತ್ರಕಥೆಯೇ ಇರಲಿಲ್ಲ. ಚಿತ್ರಕಥೆ ಇಲ್ಲದ ಕಡೆ ನಟನ ಮೈಯೇ ಚಿತ್ರಕಥೆಯಾಗುತ್ತದೆ ಎನ್ನುವುದಕ್ಕೆ ಈತನಷ್ಟು ಒಳ್ಳೆಯ ಉದಾಹರಣೆ ಸಿಗುವುದು ಕಷ್ಟ. ಆದರೂ ಸಿನಿಮಾ ಚರಿತ್ರೆಯ ಪುಸ್ತಕಗಳು ಈ ಚಿತ್ರಗಳನ್ನೆಲ್ಲ ನಿರ್ದೇಶಕರ ಖಾತೆಗೇ ಜಮಾ ಮಾಡಿಬಿಟ್ಟಿವೆ.

ಕನ್ನಡದಲ್ಲಿ ‘ಭೂಗತ’ ಎಂದೊಡನೆ ಮಚ್ಚು ಹಿಡಿದ ರೌಡಿಗಳು ಕಣ್ಣ ಮುಂದೆ ಬರುವುದರಿಂದ ಇಲ್ಲಿ ಅಂಡರ್‌ಗ್ರೌಂಡ್ ಎಂಬ ಪದವನ್ನೇ ಉಳಿಸಿಕೊಂಡಿದೆ. ಸ್ಟುಡಿಯೋಗಳ ದುಡ್ಡಿಲ್ಲದೆ, ಕಾರ್ಮಿಕ ಸಂಘಗಳ ನಿಯಮಕ್ಕೆ ಸಿಗದೆ, ಪರವಾನಗಿಗೆ ಕಾಯದೆ ತೆಗೆದು ತೋರಿಸಿದ ಚಿತ್ರಗಳಿಗೆ ಈ ಹೆಸರು. ನ್ಯೂಯಾರ್ಕ್ ರಾಜ್ಯದಲ್ಲಿ ದುಡ್ಡು ಪಡೆದು ಚಿತ್ರ ತೋರಿಸಬೇಕಾದರೆ 1965ರವರೆಗೂ ಸರ್ಕಾರದ ಪರವಾನಗಿ ಬೇಕಿತ್ತು. ಜ್ಯಾಕ್ ಸ್ಮಿತ್‌ನ ‘ಫ್ಲೇಮಿಂಗ್ ಕ್ರೀಚರ್ಸ್’ ಚಿತ್ರವನ್ನು ತೋರಿಸಿದ್ದಕ್ಕೆ 1964ರ ಮಾರ್ಚ್‌ನಲ್ಲಿ ಪೊಲೀಸರು ಸಿನಿಮಾ ಅಂಕಣಕಾರ ಜೋನಾಸ್ ಮೆಕಾಸ್ ಮತ್ತು ಸಂಗಡಿಗರನ್ನು ಹಿಡಿದುಕೊಂಡು ಹೋಗಿದ್ದರು. ಮೀಡ್‌ನ ವೃತ್ತಿಜೀವನ ಶುರುವಾದದ್ದು ಇಂಥ ವಾತಾವರಣದಲ್ಲಿ.

ಆ ಕಾಲದ ಸಲಕರಣೆಯ ಬಗೆಗೂ ಒಂದು ಮಾತು ಹೇಳಬೇಕು. ಅದು ತಿಳಿಯದೆ ಈತನ ನಟನೆ ಅರ್ಥವಾಗುವುದಿಲ್ಲ. ಅಂಡರ್‌ಗ್ರೌಂಡಿನವರ ಕೈಯಲ್ಲಿ ಹೆಚ್ಚಾಗಿ ಇದ್ದದ್ದು 16 ಮಿ.ಮೀ. ಬೋಲೆಕ್ಸ್ ಕ್ಯಾಮರಾ. ಗಡಿಯಾರದಂತೆ ಕೀಲಿ ಕೊಟ್ಟು ಓಡಿಸುವ ಯಂತ್ರ. ಒಮ್ಮೆ ಕೀಲಿ ಕೊಟ್ಟರೆ ಅರ್ಧ ನಿಮಿಷ ಓಡುವುದೂ ಕಷ್ಟ. ನೂರು ಅಡಿಯ ಒಂದು ಸುರುಳಿ 2 ನಿಮಿಷ 45 ಸೆಕೆಂಡಿಗೆ ಮುಗಿದುಹೋಗುತ್ತದೆ. ಧ್ವನಿ ಜೊತೆಗೇ ದಾಖಲಾಗುವುದಿಲ್ಲ. ಸಂಭಾಷಣೆ, ದೀಪ, ಸೆಟ್ಟು, ಮೇಕಪ್ಪು ಎಲ್ಲ ಕಳೆದ ಮೇಲೆ ಉಳಿಯುವುದು ಕ್ಯಾಮರಾದ ಮುಂದೆ ನಿಂತ ಒಬ್ಬ ಮನುಷ್ಯ ಮತ್ತು ಅರ್ಧ ನಿಮಿಷ. ಆ ಅರ್ಧ ನಿಮಿಷದೊಳಗೆ ಏನಾದರೂ ಆಗಬೇಕು. ಮೀಡ್ ಇದ್ದ ಕಡೆ ಆಗುತ್ತಿತ್ತು.

ಈತ ಹುಟ್ಟಿದ್ದು 1924ರ ಡಿಸೆಂಬರ್ 31ರಂದು, ಮಿಷಿಗನ್ ರಾಜ್ಯದ ಗ್ರೋಸ್ ಪಾಯಿಂಟ್‌ನಲ್ಲಿ. ಡೆಟ್ರಾಯಿಟ್ ನಗರದ ಮಗ್ಗುಲಿನ ಸಿರಿವಂತರ ಊರು ಅದು. ತಂದೆ ಹಣವಂತ, ಡೆಮಾಕ್ರಟಿಕ್ ಪಕ್ಷದ ಸ್ಥಳೀಯ ರಾಜಕೀಯದಲ್ಲಿ ಮಾತು ನಡೆಯುತ್ತಿದ್ದ ಆಸಾಮಿ. ಮಗನನ್ನು ಷೇರು ದಲ್ಲಾಳಿ ಸಂಸ್ಥೆಯೊಂದರ ಕೆಲಸಕ್ಕೆ ಹಚ್ಚಲಾಯಿತು. ಕೆಲವೇ ದಿನಗಳಲ್ಲಿ ಅದನ್ನು ಬಿಟ್ಟು ಈತ ದಾರಿಯಲ್ಲಿ ಸಿಕ್ಕ ವಾಹನಗಳಿಗೆ ಕೈ ತೋರಿಸುತ್ತ ದೇಶ ಸುತ್ತಿದ. ಜ್ಯಾಕ್ ಕೆರೂಯಾಕ್ ಮತ್ತು ಅಲೆನ್ ಗಿನ್ಸ್‌ಬರ್ಗ್‌ರ ಬರಹ ಓದಿ ಮನೆ ಬಿಟ್ಟ ತಲೆಮಾರಿನವನು ಎನ್ನಬಹುದು. ಆದರೆ ಆ ತಲೆಮಾರಿನ ಹುಡುಗರಿಗಿಂತ ಹತ್ತು ಹದಿನೈದು ವರ್ಷ ದೊಡ್ಡವ. ಮೊದಲ ಮುಖ್ಯ ಚಿತ್ರದಲ್ಲಿ ಕಾಣಿಸಿಕೊಂಡಾಗ ಮೂವತ್ತೈದು ದಾಟಿತ್ತು. ನೋಡಿದವರು ಮಾತ್ರ ಯಾರೋ ಹುಡುಗ ಎಂದೇ ತಿಳಿಯುತ್ತಿದ್ದರು.

ಸ್ಯಾನ್ ಫ್ರಾನ್ಸಿಸ್ಕೊ ನಗರದ ನಾರ್ತ್ ಬೀಚ್ ಆಗ ಬೀಟ್ ಕವಿಗಳ ಠಾವು. ಅಲ್ಲಿನ ಹೋಟೆಲುಗಳಲ್ಲಿ ಈತ ಎದ್ದು ನಿಂತು ಕವಿತೆ ಓದುತ್ತಿದ್ದ. ಆ ವಲಯದಲ್ಲೇ ರಾನ್ ರೈಸ್ ಎಂಬ ತರುಣನ ಪರಿಚಯವಾಯಿತು. 1960ರಲ್ಲಿ ಇಬ್ಬರೂ ಸೇರಿ ತೆಗೆದ ‘ದಿ ಫ್ಲವರ್ ಥೀಫ್’ ಅಂಡರ್‌ಗ್ರೌಂಡ್ ಸಿನಿಮಾದ ಮೈಲಿಗಲ್ಲು. ಸೇನೆಯ ವಿಮಾನಗಳ ಬಂದೂಕಿಗೆ ಕಟ್ಟಿದ್ದ ಕ್ಯಾಮರಾಗಳಿಗೆಂದು ತಯಾರಿಸಿ, ಯುದ್ಧ ಮುಗಿದ ಮೇಲೆ ಅಗ್ಗಕ್ಕೆ ಮಾರಿದ ಫಿಲ್ಮನ್ನು ರೈಸ್ ಬಳಸಿದ. ಒಟ್ಟು ಖರ್ಚು ಸಾವಿರ ಡಾಲರಿಗಿಂತ ಕಡಿಮೆ.

ಕಥೆ ಎಂದು ಹೇಳಲು ಹೆಚ್ಚೇನೂ ಇಲ್ಲ. ಒಬ್ಬ ಅಲೆಮಾರಿ ಹೂವೊಂದನ್ನು ಕದಿಯುತ್ತಾನೆ. ಕಂಕುಳಲ್ಲಿ ಬೊಂಬೆ ಕರಡಿ ಇರುಕಿಕೊಂಡು ಊರು ಸುತ್ತುತ್ತಾನೆ. ಪಾಳುಬಿದ್ದ ವಿದ್ಯುತ್ ಸ್ಥಾವರವೊಂದರೊಳಗೆ ಹೊಕ್ಕು ತನ್ನಷ್ಟಕ್ಕೆ ಆಡಿಕೊಳ್ಳುತ್ತಾನೆ. ನಡುವೆ ಒಂದಷ್ಟು ಗೆಳೆಯರು ಸೇರಿ, ಇವೊ ಜಿಮಾ ದ್ವೀಪದಲ್ಲಿ ಅಮೆರಿಕದ ಸೈನಿಕರು ಬಾವುಟ ನೆಟ್ಟ ಪ್ರಸಿದ್ಧ ಚಿತ್ರವನ್ನು ಅಣಕಿಸುತ್ತಾರೆ. ಇಷ್ಟೇ. ಆದರೆ ನೋಡುತ್ತ ಕೂತವನಿಗೆ ಹೊತ್ತು ಹೋದದ್ದು ತಿಳಿಯುವುದಿಲ್ಲ. ಮೀಡ್‌ನದು ಸಣಕಲು ಮೈ, ಜೋತುಬಿದ್ದ ಹೆಗಲು, ಒಂದು ರೆಪ್ಪೆ ಯಾವಾಗಲೂ ಅರ್ಧ ಮುಚ್ಚಿದ ಕಣ್ಣು. ನಡೆದರೆ ಕಾಲು ಒಂದು ಕಡೆ, ಮನಸ್ಸು ಇನ್ನೊಂದು ಕಡೆ ಹೊರಟಂತೆ. ನಗುವುದೋ ಅಳುವುದೋ ಎಂದು ಮುಖ ಇನ್ನೂ ತೀರ್ಮಾನ ಮಾಡಿರುವುದಿಲ್ಲ. ಅಷ್ಟರಲ್ಲಿ ಸುರುಳಿ ಮುಗಿದಿರುತ್ತದೆ. ಜಾಝ್, ಶಾಸ್ತ್ರೀಯ ಸಂಗೀತದ ತುಣುಕು, ಕವಿತೆಯ ಸಾಲುಗಳನ್ನು ಆಮೇಲೆ ಸೇರಿಸಿ ಧ್ವನಿಪಥ ಮಾಡಲಾಯಿತು.

ಹಳೆಯ ಹಾಲಿವುಡ್ ಸ್ಟುಡಿಯೋಗಳಲ್ಲಿ ಬರಹಗಾರನಿಗೂ ನಿರ್ದೇಶಕನಿಗೂ ಏನೂ ತೋಚದೆ ಕೈಚೆಲ್ಲಿದಾಗ, ಏನಾದರೊಂದು ಹುಚ್ಚಾಟ ಹುಟ್ಟಿಸಿಕೊಡಲೆಂದೇ ಒಬ್ಬನನ್ನು ಸಾಕಿಕೊಂಡಿರುತ್ತಿದ್ದರಂತೆ. ‘ವೈಲ್ಡ್ ಮ್ಯಾನ್’ ಎಂದು ಅವನ ಹೆಸರು. ಯಾರಿಗೂ ತಿಳಿಯದೆ ಸತ್ತುಹೋದ ಅಂಥವರ ನೆನಪಿಗೆ ರೈಸ್ ಈ ಚಿತ್ರವನ್ನು ಅರ್ಪಿಸಿದ. ನಮ್ಮ ಬಯಲಾಟದ ಹಾಸ್ಯಗಾರನನ್ನು ಬಲ್ಲವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ವ್ಯತ್ಯಾಸವೆಂದರೆ ಇಲ್ಲಿ ಭಾಗವತನಿಲ್ಲ, ಪ್ರಸಂಗವಿಲ್ಲ, ರಾಜವೇಷವೂ ಇಲ್ಲ. ಇರುವವನು ಹಾಸ್ಯಗಾರ ಒಬ್ಬನೇ, ಬೆಳಗಿನ ತನಕ.

ವಿಮರ್ಶಕರು ಮೀಡ್‌ನನ್ನು ಚಾಪ್ಲಿನ್‌ಗೆ ಹೋಲಿಸುವುದು ವಾಡಿಕೆ. ಹೋಲಿಕೆ ಅರ್ಧ ಮಾತ್ರ ಸರಿ. ಚಾಪ್ಲಿನ್ ಒಂದೇ ದೃಶ್ಯವನ್ನು ಹತ್ತಾರು, ಕೆಲವೊಮ್ಮೆ ನೂರಾರು ಸಲ ತೆಗೆದು ಗಿಣಿಗೆ ಮಾತು ಕಲಿಸಿದಂತೆ ಮೈಗೆ ಲೆಕ್ಕ ಕಲಿಸುತ್ತಿದ್ದವ. ಮೀಡ್‌ನಲ್ಲಿ ಲೆಕ್ಕವೇ ಇಲ್ಲ. ಒಂದು ಸಲ ಆದದ್ದೇ ಆದದ್ದು. ಮೂಕಿಚಿತ್ರಗಳವರ ಪೈಕಿ ಈತನಿಗೆ ಹತ್ತಿರದವನು ಮಗುಮುಖದ ಹ್ಯಾರಿ ಲ್ಯಾಂಗ್ಡನ್. ಈ ಲೆಕ್ಕವಿಲ್ಲದಿರುವಿಕೆ ಎಲ್ಲ ಸಲವೂ ಗೆಲ್ಲುತ್ತಿತ್ತೆಂದಲ್ಲ. ಕೆಲವು ಚಿತ್ರಗಳಲ್ಲಿ ಹತ್ತು ನಿಮಿಷ ಏನೂ ಆಗುವುದಿಲ್ಲ. ಹನ್ನೊಂದನೆಯ ನಿಮಿಷಕ್ಕೆ ಕಾಯುವ ತಾಳ್ಮೆ ಇದ್ದವರಿಗೆ ಮಾತ್ರ ಮೀಡ್ ದಕ್ಕುತ್ತಾನೆ.

ಅದೇ ಕಾಲದಲ್ಲಿ ವರ್ನನ್ ಝಿಮ್ಮರ್‌ಮನ್‌ನ ‘ಲೆಮನ್ ಹಾರ್ಟ್ಸ್’ ಎಂಬ ಕಿರುಚಿತ್ರದಲ್ಲಿ ಹಲವು ವೇಷ ಹಾಕಿದ. ಬಳಿಕ ನ್ಯೂಯಾರ್ಕಿಗೆ ಬಂದ. 1962ರಲ್ಲಿ ‘ದಿ ಫ್ಲವರ್ ಥೀಫ್’ ನ್ಯೂಯಾರ್ಕಿನ ಚಾರ್ಲ್ಸ್ ಥಿಯೇಟರಿನಲ್ಲಿ ತೆರೆ ಕಂಡಿತು. ಈಸ್ಟ್ ವಿಲೇಜ್ ಬಡಾವಣೆಯ ಈ ಚಿತ್ರಮಂದಿರದಲ್ಲಿ ಯಾರು ಬೇಕಾದರೂ ತಾವು ತೆಗೆದ ಚಿತ್ರ ತಂದು ತೋರಿಸಬಹುದಾದ ರಾತ್ರಿಗಳಿರುತ್ತಿದ್ದವು. ಕೈಯಲ್ಲಿ ಫಿಲ್ಮ್ ಡಬ್ಬಿ ಇದ್ದರೆ ಟಿಕೆಟ್ ಬೇಡ. ಚಿತ್ರಗಳನ್ನು ಹಂಚಲು ಮೆಕಾಸ್ ಮತ್ತಿತರರು ಫಿಲ್ಮ್‌ಮೇಕರ್ಸ್ ಕೋಆಪರೇಟಿವ್ ಕಟ್ಟಿದ್ದೂ ಆ ವರ್ಷವೇ. ಮುಂದಿನ ವರ್ಷ ಮೆಕಾಸ್ ‘ವಿಲೇಜ್ ವಾಯ್ಸ್’ ಪತ್ರಿಕೆಯ ತನ್ನ ಅಂಕಣದಲ್ಲಿ ಬೋದಿಲೇರನ ಹೆಸರಿಟ್ಟು ಹೊಸ ಸಿನಿಮಾವೊಂದು ಹುಟ್ಟಿದೆಯೆಂದು ಸಾರಿದ. ಹೆಸರಿಸಿದ ನಾಲ್ಕು ಚಿತ್ರಗಳಲ್ಲಿ ಒಂದು ರೈಸ್‌ನದು, ಅದರಲ್ಲಿ ನಾಯಕ ಮೀಡ್. ಸೂಸನ್ ಸಾಂಟ್ಯಾಗ್ ಕೂಡ ಈತನ ನಟನೆಯ ಬಗ್ಗೆ ಮೆಚ್ಚಿ ಬರೆದಳು.

ಮೆಕಾಸ್ ಹೆಸರಿಸಿದ ರೈಸ್‌ನ ಆ ಚಿತ್ರ ‘ದಿ ಕ್ವೀನ್ ಆಫ್ ಶೀಬಾ ಮೀಟ್ಸ್ ದಿ ಆಟಮ್ ಮ್ಯಾನ್’. ಮೀಡ್ ಅದರಲ್ಲಿ ಅಣುಮಾನವ. ವಿನಿಫ್ರೆಡ್ ಬ್ರಯಾನ್ ಎಂಬ ದಷ್ಟಪುಷ್ಟ ಹೆಂಗಸು ಶೀಬಾದ ರಾಣಿ. ರೈಸ್ ಅದನ್ನು ಮುಗಿಸಲಿಲ್ಲ. 1964ರ ಡಿಸೆಂಬರ್‌ನಲ್ಲಿ, ಮೆಕ್ಸಿಕೊದಲ್ಲಿ, ನ್ಯುಮೋನಿಯಾದಿಂದ ಇಪ್ಪತ್ತೊಂಬತ್ತನೆಯ ವಯಸ್ಸಿಗೆ ತೀರಿಕೊಂಡ. ಉಳಿದುಹೋದ ಸುರುಳಿಗಳನ್ನು ಜೋಡಿಸಿ ಚಿತ್ರಕ್ಕೆ ಒಂದು ಪೂರ್ಣರೂಪ ಕೊಟ್ಟದ್ದು ಮೀಡ್, 1982ರಲ್ಲಿ. ನಿರ್ದೇಶಕ ಸತ್ತು ಹದಿನೆಂಟು ವರ್ಷವಾದ ಮೇಲೆ ನಟ ಕೂತು ಸಂಕಲನ ಮಾಡಿದ ಚಿತ್ರ ಯಾರದು ಎಂಬ ಪ್ರಶ್ನೆಗೆ ಕೋಶಗಳು ಇವತ್ತಿಗೂ ಒಂದೇ ಹೆಸರಿನಿಂದ ಉತ್ತರಿಸುತ್ತವೆ.

ಡೌನಿಯ ‘ಬಾಬೊ 73’ (1964) ಚಿತ್ರದಲ್ಲಿ ಮೀಡ್ ‘ಯುನೈಟೆಡ್ ಸ್ಟೇಟಸ್’ ಎಂಬ ದೇಶದ ಅಧ್ಯಕ್ಷ. ಡೌನಿಯ ಬಳಿ ಇದ್ದದ್ದು ಸುಮಾರು ಮೂರು ಸಾವಿರ ಡಾಲರು. ಪರವಾನಗಿ, ಪತ್ರಕರ್ತರ ಪಾಸು ಒಂದೂ ಇಲ್ಲದೆ ತಂಡ ವಾಷಿಂಗ್ಟನ್‌ಗೆ ಹೋಗಿ ಶ್ವೇತಭವನದ ಮುಂದೆಯೇ ಕ್ಯಾಮರಾ ತಿರುಗಿಸಿತು. ಅಧ್ಯಕ್ಷ ಕೆನಡಿ ಯುರೋಪಿಗೆ ಹೋಗಿದ್ದರಿಂದ ಕಾವಲು ಸಡಿಲವಾಗಿತ್ತಂತೆ. ಅಲ್ಲಿ ಓಡಾಡುತ್ತಿದ್ದ ನಿಜವಾದ ಸೇನಾಧಿಕಾರಿಗಳ ನಡುವೆ ಡೌನಿ ಮೀಡ್‌ನನ್ನು ನೂಕಿಬಿಟ್ಟ. ಹೆದರಿದ ಬೆಕ್ಕಿನಂಥ ಮುಖದ ಈ ಅಧ್ಯಕ್ಷ ಅವರ ನಡುವೆ ಸುಳಿದಾಡುತ್ತಾನೆ. ರಾಜಕೀಯ ವಿಡಂಬನೆಗೆ ಇಷ್ಟು ಕಡಿಮೆ ಸಾಮಗ್ರಿ ಸಾಕಾದದ್ದು ಅಪರೂಪ.

ರಂಗಭೂಮಿಯಲ್ಲಿ ಈತ ಮಾಡಿದ್ದು ಸ್ವಲ್ಪ. ಆದರೆ ಕವಿ ಫ್ರ್ಯಾಂಕ್ ಓಹಾರಾನ ‘ದಿ ಜನರಲ್ ರಿಟರ್ನ್ಸ್ ಫ್ರಮ್ ಒನ್ ಪ್ಲೇಸ್ ಟು ಅನದರ್’ ನಾಟಕದಲ್ಲಿ, ಯುದ್ಧ ಮುಗಿದ ಮೇಲೂ ಪೂರ್ವದೇಶಗಳಲ್ಲಿ ಸುತ್ತುವ ಸೇನಾನಿಯ ಪಾತ್ರಕ್ಕೆ 1964ರ ಓಬಿ ಪ್ರಶಸ್ತಿ ಬಂತು. ಬರೆದುಕೊಟ್ಟ ಮಾತನ್ನು ಒಪ್ಪಿಸಲಾರದ ಹುಚ್ಚ ಎಂದು ಈತನನ್ನು ತಳ್ಳಿಹಾಕುವವರು ಇದನ್ನು ಮರೆಯಬಾರದು.

ವಾರ್ಹಾಲ್ ಜೊತೆಗಿನ ನಂಟು ಶುರುವಾದದ್ದು ರಸ್ತೆಯ ಮೇಲೆ. 1963ರ ಶರತ್ಕಾಲದಲ್ಲಿ ಲಾಸ್ ಏಂಜಲೀಸ್‌ನ ಫೆರಸ್ ಗ್ಯಾಲರಿಯಲ್ಲಿ ವಾರ್ಹಾಲ್‌ನ ಚಿತ್ರಪ್ರದರ್ಶನವಿತ್ತು. ನ್ಯೂಯಾರ್ಕಿನಿಂದ ಒಂದು ಫೋರ್ಡ್ ಫಾಲ್ಕನ್ ಗಾಡಿಯಲ್ಲಿ, ಹಿಂಭಾಗದಲ್ಲಿ ಹಾಸಿಗೆ ಹಾಕಿಕೊಂಡು, ನಾಲ್ವರು ಹೊರಟರು. ವಾರ್ಹಾಲ್ ಮತ್ತು ಆತನ ಸಹಾಯಕ ಜೆರಾರ್ಡ್ ಮಲಾಂಗಾಗೆ ಗಾಡಿ ಓಡಿಸಲು ಬಾರದು. ಓಡಿಸಿದವರು ಮೀಡ್ ಮತ್ತು ಚಿತ್ರಕಾರ ವಿನ್ ಚೇಂಬರ್ಲಿನ್. ಆಗ ವಾರ್ಹಾಲ್ ಹೊಸದಾಗಿ ಬೋಲೆಕ್ಸ್ ಕೊಂಡಿದ್ದ. ಹೋದ ಊರಿನಲ್ಲೇ ತೆಗೆದದ್ದು ‘ಟಾರ್ಜನ್ ಅಂಡ್ ಜೇನ್ ರೀಗೇನ್ಡ್... ಸಾರ್ಟ್ ಆಫ್’. ಕಡ್ಡಿಯಂಥ ಮೀಡ್ ಟಾರ್ಜನ್. ನಯೋಮಿ ಲೆವೀನ್ ಜೇನ್. ತೆಂಗಿನಮರ ಹತ್ತಲಾರದ ಈ ಟಾರ್ಜನ್‌ಗೆ ಬದಲಿಯಾಗಿ ಮರ ಹತ್ತುವವನು ಡೆನಿಸ್ ಹಾಪರ್. ಸಂಕಲನ ಮಾಡಿ ಧ್ವನಿ ಕೂಡಿಸಿದ್ದೂ ಮೀಡೇ. ವಾರ್ಹಾಲ್‌ನ ಆಮೇಲಿನ ಚಿತ್ರಗಳಲ್ಲಿ ಕತ್ತರಿಯೇ ಕಾಣುವುದಿಲ್ಲ. ಇದರಲ್ಲಿ ಹೆಜ್ಜೆಹೆಜ್ಜೆಗೂ ಕತ್ತರಿ ಇದೆ. ಕೈ ಯಾರದೆಂದು ಅಲ್ಲಿಯೇ ಗೊತ್ತಾಗುತ್ತದೆ.

ಮರುವರ್ಷದ ಒಂದು ಚಿತ್ರದ ಹೆಸರು ‘ಟೇಲರ್ ಮೀಡ್ಸ್ ಆಸ್’. ಪೃಷ್ಠ ಎಂದು ಅನುವಾದಿಸಿದರೆ ಮರ್ಯಾದೆ ಉಳಿಯುತ್ತದೆ, ಸ್ವಾರಸ್ಯ ಹೋಗುತ್ತದೆ. ಅಂಡು ಎಂದೇ ಹೇಳಬೇಕು. ಯಾರದೋ ಅಂಡನ್ನು ಎರಡು ಗಂಟೆ ತೋರಿಸುವ ಚಿತ್ರಗಳು ಯಾರಿಗೆ ಬೇಕು ಎಂಬರ್ಥದಲ್ಲಿ, ಮೀಡ್‌ನ ಹೆಸರು ಎತ್ತಿಯೇ, ಸಿನಿಮಾದವನೊಬ್ಬ ‘ವಿಲೇಜ್ ವಾಯ್ಸ್’ಗೆ ಪತ್ರ ಬರೆದಿದ್ದ. ನಮ್ಮ ಸಂಗ್ರಹದಲ್ಲಿ ಅಂಥ ಚಿತ್ರ ಇಲ್ಲ, ಆ ಕೊರತೆ ನೀಗಿಸುತ್ತೇವೆ ಎಂಬ ಧಾಟಿಯಲ್ಲಿ ಮೀಡ್ ಉತ್ತರ ಬರೆದ. ನೀಗಿಸಿಯೂ ಬಿಟ್ಟರು: 76 ನಿಮಿಷ, ಮೂಕಿ, ತೆರೆಯ ತುಂಬ ಅದೊಂದೇ. ಮುಖವನ್ನೇ ಕಿತ್ತುಕೊಂಡು ನಟನೆ ಮಾಡೆಂದು ನಟನಿಗೆ ಒಡ್ಡಿದ ಸವಾಲು ಅದು. ಪುಸ್ತಕ, ಪತ್ರಿಕೆ, ಡಾಲರ್ ನೋಟು ಮುಂತಾದವು ಅದರೊಳಗೆ ಮಾಯವಾದಂತೆ ನಟಿಸುತ್ತ ಮೀಡ್ ಸವಾಲನ್ನು ಗೆಲ್ಲುತ್ತಾನೆ. ಆದರೆ ಇಡೀ ಚಿತ್ರವನ್ನು ಒಂದೇ ಸಲಕ್ಕೆ ನೋಡಿ ಮುಗಿಸುವುದು ಪ್ರಯಾಸದ ಕೆಲಸ. ಜೋಕಿಗೆ ಇಪ್ಪತ್ತು ನಿಮಿಷ ಸಾಕಿತ್ತು.

1964ರಿಂದ 67ರವರೆಗೆ ಹೆಚ್ಚಾಗಿ ಯುರೋಪಿನಲ್ಲಿದ್ದ. ಕೈಯಲ್ಲಿ ಕ್ಯಾಮರಾ ಹಿಡಿದು ತಾನೇ ದಿನಚರಿ ಚಿತ್ರಗಳನ್ನು ತೆಗೆದ. ಒಂದೊಂದು ನೋಟಕ್ಕೆ ಕೆಲವೇ ಚೌಕಟ್ಟು, ಊರೂರುಗಳು ಮಿಣುಕುತ್ತ ಹಾದುಹೋಗುತ್ತವೆ. 1967ರ ಬೇಸಗೆಯಲ್ಲಿ ಫ್ರಾನ್ಸಿನ ದಕ್ಷಿಣ ಕರಾವಳಿಯಲ್ಲಿ ಜ್ಯಾನ್-ಜಾಕ್ ಲೆಬೆಲ್ ಆಡಿಸಿದ ಪಿಕಾಸೊನ ನಾಟಕದಲ್ಲೂ ಪಾತ್ರವಹಿಸಿದ.

ಮರಳಿ ಬರುವಷ್ಟರಲ್ಲಿ ವಾರ್ಹಾಲ್‌ನ ಸಿನಿಮಾ ಬದಲಾಗಿತ್ತು. ಬೋಲೆಕ್ಸ್ ಜಾಗಕ್ಕೆ ಆರಿಕಾನ್ ಕ್ಯಾಮರಾ ಬಂದಿತ್ತು. ಅದರ 1200 ಅಡಿ ಸುರುಳಿ 33 ನಿಮಿಷ ನಿಲ್ಲದೆ ಓಡುತ್ತದೆ; ಧ್ವನಿಯೂ ಅದೇ ಫಿಲ್ಮಿನ ಮೇಲೆ ದಾಖಲಾಗುತ್ತದೆ. ಅರ್ಧ ನಿಮಿಷದ ನಟನಿಗೆ ಈಗ ಅರ್ಧ ಗಂಟೆ. ಮೂಕಿಯಲ್ಲಿ ಹೆಸರು ಮಾಡಿದವರನ್ನು ಮಾತು ಬಂದು ಮುಳುಗಿಸಿದ್ದು ಹಾಲಿವುಡ್‌ನ ಹಳೆಯ ಕಥೆ. ಮೀಡ್ ಮುಳುಗಲಿಲ್ಲ. ಮೂಗಿನಲ್ಲಿ ರಾಗ ಎಳೆಯುವ, ದೂರು ಹೇಳುವಂತೆಯೇ ತಮಾಷೆ ಮಾಡುವ ಆ ದನಿ ಮುಖದಷ್ಟೇ ಪಳಗಿದ್ದು. ‘ದಿ ನ್ಯೂಡ್ ರೆಸ್ಟೊರೆಂಟ್’ (1967) ಚಿತ್ರದಲ್ಲಿ ವೀವಾ ಎಂಬ ನಟಿ ತನ್ನ ಕ್ಯಾಥೊಲಿಕ್ ಬಾಲ್ಯವನ್ನು ಎಡೆಬಿಡದೆ ಹೇಳಿಕೊಳ್ಳುತ್ತಾಳೆ. ಎದುರಿಗೆ ಮೀಡ್ ಹ್ಞೂಂಗುಟ್ಟುತ್ತ, ನಡುನಡುವೆ ಕೊಕ್ಕೆ ಹಾಕುತ್ತ ಕೂರುತ್ತಾನೆ. ಮಾತಾಡುವವರು ಅನೇಕರು ಸಿಗುತ್ತಾರೆ. ಕ್ಯಾಮರಾದ ಮುಂದೆ ಕೇಳಿಸಿಕೊಳ್ಳಲು ಬರುವವರು ಕಡಿಮೆ.

1968ರ ಜನವರಿಯಲ್ಲಿ ಅರಿಝೋನಾದ ಓಲ್ಡ್ ಟೂಸಾನ್ ಮತ್ತು ಓರಕಲ್ ಎಂಬಲ್ಲಿ ‘ಲೋನ್‌ಸಮ್ ಕೌಬಾಯ್ಸ್’ ತೆಗೆದರು. ವೀವಾ ಜಮೀನ್ದಾರಿಣಿ, ಮೀಡ್ ಆಕೆಯ ದಾದಿ. ಚಿತ್ರೀಕರಣ ಕಂಡವರಾರೋ ದೂರು ಕೊಟ್ಟರು. ಅಮೆರಿಕದ ತನಿಖಾ ಸಂಸ್ಥೆ ಎಫ್‌ಬಿಐ ಕಡತ ತೆರೆಯಿತು. ಅದರ ಅಧಿಕಾರಿಗಳು ಸ್ಯಾನ್ ಫ್ರಾನ್ಸಿಸ್ಕೊ ಚಿತ್ರೋತ್ಸವದಲ್ಲಿ ಪ್ರೇಕ್ಷಕರ ನಡುವೆ ಕೂತು ಚಿತ್ರ ನೋಡಿ ವರದಿ ಬರೆದರು. 1969ರ ಆಗಸ್ಟ್‌ನಲ್ಲಿ ಅಟ್ಲಾಂಟಾ ಪೊಲೀಸರು ಪ್ರದರ್ಶನದ ನಡುವೆಯೇ ಚಿತ್ರಮಂದಿರಕ್ಕೆ ನುಗ್ಗಿದರು. 1968ರ ಮೇ ತಿಂಗಳಲ್ಲಿ ಕ್ಯಾಲಿಫೋರ್ನಿಯಾದ ಲಾ ಹೋಯಾ ಕಡಲತೀರದಲ್ಲಿ ‘ಸ್ಯಾನ್ ಡಿಯೇಗೊ ಸರ್ಫ್’ ಚಿತ್ರೀಕರಣವಾಯಿತು. ಮೀಡ್ ಮತ್ತು ವೀವಾ ಗಂಡಹೆಂಡಿರು. ಜೂನ್ 3ರಂದು ವ್ಯಾಲರಿ ಸೊಲಾನಾಸ್ ವಾರ್ಹಾಲ್‌ಗೆ ಗುಂಡು ಹೊಡೆದಳು. ಆತ ಬದುಕಿದ, ಚಿತ್ರ ಮೂಲೆ ಸೇರಿತು. ವಾರ್ಹಾಲ್‌ನ ಸಹನಿರ್ದೇಶಕ ಪಾಲ್ ಮಾರಿಸ್ಸಿ 1990ರ ದಶಕದಲ್ಲಿ ಅದನ್ನು ಜೋಡಿಸಿದ. ಸಾರ್ವಜನಿಕರ ಕಣ್ಣಿಗೆ ಬಿದ್ದದ್ದು 2012ರ ಅಕ್ಟೋಬರ್‌ನಲ್ಲಿ, ನ್ಯೂಯಾರ್ಕಿನ ಆಧುನಿಕ ಕಲೆಯ ವಸ್ತುಸಂಗ್ರಹಾಲಯದಲ್ಲಿ. ಆಗ ಮೀಡ್‌ಗೆ ಎಂಬತ್ತೇಳು.

ವಾರ್ಹಾಲ್ ಬಳಗ ಚದುರಿದ ಮೇಲೆ ಬೇರೆಯವರು ಹಾಲಿವುಡ್ ಕದ ತಟ್ಟಿದರು. ಈತ ಲೋವರ್ ಈಸ್ಟ್ ಸೈಡ್ ಬಿಟ್ಟು ಕದಲಲಿಲ್ಲ. ಮಿಷೆಲ್ ಓಡೆಯ ವಿಡಿಯೋ ಚಿತ್ರಗಳಲ್ಲಿ, ಎರಿಕ್ ಮಿಚೆಲ್‌ನ ‘ಅಂಡರ್‌ಗ್ರೌಂಡ್ ಯು.ಎಸ್.ಎ.’ (1980) ಚಿತ್ರದಲ್ಲಿ ಹೊಸ ತಲೆಮಾರಿನವರ ಜೊತೆ ಕಾಣಿಸಿಕೊಂಡ. ಜರ್ಮನ್ ಕಲಾವಿದೆ ರೆಬೆಕಾ ಹಾರ್ನ್ ಬಸ್ಟರ್ ಕೀಟನ್‌ನ ನೆನಪಿನ ಸುತ್ತ ಹೆಣೆದ ‘ಬಸ್ಟರ್ಸ್ ಬೆಡ್‌ರೂಮ್’ (1990) ಚಿತ್ರದಲ್ಲೂ ಇದ್ದಾನೆ. ತನ್ನ ದಿನಚರಿಯ ಟಿಪ್ಪಣಿಗಳನ್ನು 1960ರ ದಶಕದಿಂದಲೇ ಪುಸ್ತಕ ಮಾಡುತ್ತಿದ್ದ. ‘ಆನ್ ಆಂಫೆಟಮೀನ್ ಅಂಡ್ ಇನ್ ಯುರೋಪ್’ (1968) ಅವುಗಳಲ್ಲಿ ಹೆಸರಾದದ್ದು. ‘ಎ ಸಿಂಪಲ್ ಕಂಟ್ರಿ ಗರ್ಲ್’ 2005ರ ಕವಿತಾಸಂಕಲನ. ಬಾವರಿ ಪೊಯಟ್ರಿ ಕ್ಲಬ್‌ನಲ್ಲಿ ಮುಪ್ಪಿನಲ್ಲೂ ವಾರವಾರ ಓದು ನಡೆಸುತ್ತಿದ್ದ. ರಾತ್ರಿ ಹೊತ್ತು ಸೆಕೆಂಡ್ ಅವೆನ್ಯೂ ಪಕ್ಕದ ಹಳೆಯ ಸ್ಮಶಾನದ ಬೀದಿಬೆಕ್ಕುಗಳಿಗೆ ಊಟ ಹಾಕಿಬರುವುದು ನಿತ್ಯದ ಪರಿಪಾಠವಾಗಿತ್ತು. ವಿಲಿಯಂ ಕರ್ಕ್ಲಿ ತೆಗೆದ ಸಾಕ್ಷ್ಯಚಿತ್ರ ‘ಎಕ್ಸ್‌ಕವೇಟಿಂಗ್ ಟೇಲರ್ ಮೀಡ್’ (2005) ಲಡ್‌ಲೋ ಬೀದಿಯ ಈತನ ಕೊಠಡಿಯನ್ನು ತೋರಿಸುತ್ತದೆ: ಕಾಗದ, ಚಿತ್ರ, ಕಸ ಎಲ್ಲ ಒಂದರ ಮೇಲೊಂದು ಪೇರಿಸಿ, ನಡುವೆ ಕಾಲಿಡಲು ಜಾಗವಿಲ್ಲ.

ಜಾರ್ಮುಶ್‌ನ ‘ಕಾಫಿ ಅಂಡ್ ಸಿಗರೆಟ್ಸ್’ (2003) ಚಿತ್ರದ ಕೊನೆಯ ತುಣುಕು ‘ಶಾಂಪೇನ್’. ಮಂದ ಬೆಳಕಿನ ಕಟ್ಟಡವೊಂದರಲ್ಲಿ ಕೆಲಸದ ನಡುವೆ ಬಿಡುವು ಸಿಕ್ಕ ಇಬ್ಬರು ಮುದುಕರು, ಮೀಡ್ ಮತ್ತು ಬಿಲ್ ರೈಸ್, ಮೇಜಿನ ಮುಂದೆ ಕೂತಿದ್ದಾರೆ. ಮಾಲರ್‌ನ ಹಾಡೊಂದು ದೂರದಿಂದ ಕೇಳಿದಂತಾಗುತ್ತದೆ. ಕೈಯಲ್ಲಿರುವ ಕೆಟ್ಟ ಕಾಫಿಯನ್ನೇ ಶಾಂಪೇನ್ ಎಂದುಕೊಳ್ಳೋಣ ಎನ್ನುತ್ತಾನೆ ಮೀಡ್. ಇಪ್ಪತ್ತರ ದಶಕದ ಪ್ಯಾರಿಸ್ಸಿನ ಹೆಸರು ಹೇಳಿ ಲೋಟ ಎತ್ತುತ್ತಾನೆ. ಬಿಲ್ ರೈಸ್ ಎತ್ತುವುದು ಎಪ್ಪತ್ತರ ದಶಕದ ಕೊನೆಯ ನ್ಯೂಯಾರ್ಕಿಗೆ. ಬಿಡುವು ಇನ್ನೂ ಎರಡು ನಿಮಿಷ ಇರುವಾಗ ಮೀಡ್ ಕಣ್ಣು ಮುಚ್ಚುತ್ತಾನೆ. ಕೈ, ಕಾಲು, ನಡಿಗೆ ಯಾವುದೂ ಇಲ್ಲಿಲ್ಲ. ‘ಫ್ಲವರ್ ಥೀಫ್’ನ ಆ ರೆಪ್ಪೆಯೊಂದು ಉಳಿದಿದೆ, ಅದು ಮೆಲ್ಲಗೆ ಇಳಿಯುತ್ತದೆ.

ಕೊನೆಯ ವರ್ಷಗಳಲ್ಲಿ ಕಟ್ಟಡದ ಮಾಲೀಕರು ನವೀಕರಣಕ್ಕೆ ಕೈಹಾಕಿದ್ದರಿಂದ ಲಡ್‌ಲೋ ಬೀದಿಯ ಮನೆಯಲ್ಲಿ ಸುತ್ತಿಗೆಯ ಸದ್ದು, ಧೂಳು, ತಕರಾರು. ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಇದ್ದ ಮನೆಯನ್ನು 2013ರ ವಸಂತದಲ್ಲಿ ಪರಿಹಾರ ಪಡೆದು ಬಿಟ್ಟ. ಅದೇ ಮೇ 8ರಂದು ಕೊಲರಾಡೊದ ಡೆನ್ವರ್‌ನಲ್ಲಿ ಪಾರ್ಶ್ವವಾಯುವಿನಿಂದ ತೀರಿಕೊಂಡ.

ಮೀಡ್‌ನನ್ನು ನೋಡಬೇಕೆನ್ನುವ ಓದುಗರು ಮೊದಲು ‘ಶಾಂಪೇನ್’ ನೋಡುವುದು ಒಳಿತು. ಸುಲಭವಾಗಿ ಸಿಗುತ್ತದೆ, ಹತ್ತು ನಿಮಿಷವೂ ಹಿಡಿಯದು. ಆಮೇಲೆ ‘ಬಾಬೊ 73’. ಡೌನಿಯ ಇತರ ಚಿತ್ರಗಳೊಂದಿಗೆ 2012ರಲ್ಲಿ ಅದರ ಡಿವಿಡಿ ಬಂದಿದೆ. ‘ದಿ ಫ್ಲವರ್ ಥೀಫ್’ ಪ್ರತಿ ನ್ಯೂಯಾರ್ಕಿನ ಫಿಲ್ಮ್‌ಮೇಕರ್ಸ್ ಕೋಆಪರೇಟಿವ್‌ನ ಬಾಡಿಗೆ ಪಟ್ಟಿಯಲ್ಲಿದೆ. 16 ಮಿ.ಮೀ. ಪ್ರೊಜೆಕ್ಟರ್ ಮಾತ್ರ ನೀವೇ ಹೊಂದಿಸಿಕೊಳ್ಳಬೇಕು.